ಮುಖ ಕಾಣದ ನಲವತ್ತು ವರ್ಷ

ನಾಯಕ ಮೂರನೇ ಮಹಡಿಯ ಕಿಟಕಿ ಒಡೆದು ಕೆಳಗೆ ಹಾರುತ್ತಾನೆ. ಓಡುವ ಕುದುರೆಯಿಂದ ಉರುಳಿ ಬಿದ್ದು, ಮೈಗೆ ಮೆತ್ತಿದ ಧೂಳು ಕೊಡವಿಕೊಂಡು ಮತ್ತೆ ಎದ್ದು ನಿಲ್ಲುತ್ತಾನೆ. ಚಿತ್ರಮಂದಿರದಲ್ಲಿ ಸಿಳ್ಳೆಯೋ ಸಿಳ್ಳೆ. ಆದರೆ ಹಾರಿದವನು ಒಬ್ಬ, ಎದ್ದು ನಿಂತವನು ಇನ್ನೊಬ್ಬ ಎಂಬುದು ಈಗ ಮಕ್ಕಳಿಗೂ ಗೊತ್ತಿರುವ ಗುಟ್ಟು. ಹಾರಿದವನನ್ನು ನಮ್ಮ ಚಿತ್ರರಂಗ ‘ಡ್ಯೂಪ್’ ಎಂದು ಕರೆಯುತ್ತದೆ. ಈ ಕಸುಬಿನ ಕಟ್ಟಳೆಯೇ ವಿಚಿತ್ರ. ಬೇರೆಲ್ಲ ಕಲಾವಿದರೂ ಜನ ತಮ್ಮನ್ನು ಗುರುತಿಸಲಿ ಎಂದು ದುಡಿದರೆ, ಡ್ಯೂಪ್ ಆದವನು ತನ್ನನ್ನು ಯಾರೂ ಗುರುತಿಸದಿರಲಿ ಎಂದು ದುಡಿಯಬೇಕು. ಅವನ ಮುಖ ಒಂದು ಕ್ಷಣ ಕಂಡರೂ ಆ ದೃಶ್ಯ ಕೆಟ್ಟಿತು.

ಹೀಗೆ ಸುಮಾರು ನಲವತ್ತು ವರ್ಷ ಮುಖ ಮರೆಸಿಕೊಂಡೇ ದುಡಿದ ಒಬ್ಬ ವ್ಯಕ್ತಿ, 58ನೇ ವಯಸ್ಸಿನಲ್ಲಿ ಪೋಷಕ ನಟನಾಗಿ ಆಸ್ಕರ್ ಪ್ರಶಸ್ತಿಯ ಪಟ್ಟಿಗೆ ಬಂದರು. 79ನೇ ವಯಸ್ಸಿನಲ್ಲಿ ಶ್ರೇಷ್ಠ ನಟನ ಪಟ್ಟಿಯಲ್ಲೇ ಅವರ ಹೆಸರು ಕಾಣಿಸಿತು. ಅವರು ಅಮೆರಿಕದ ರಿಚರ್ಡ್ ಫಾರ್ನ್ಸ್‌ವರ್ತ್. ಅವರ ಬದುಕು ಸಿನಿಮಾ ನೋಡುವ ಮಕ್ಕಳಿಗೂ, ‘ನಮ್ಮ ಹುಡುಗ ಇನ್ನೂ ಒಂದು ನೆಲೆಗೆ ಬರಲಿಲ್ಲವಲ್ಲ’ ಎಂದು ಚಿಂತಿಸುವ ತಂದೆತಾಯಿಯರಿಗೂ ತಿಳಿದಿರಬೇಕಾದಂಥದ್ದು.

ಕುದುರೆ ಲಾಯದ ಹುಡುಗ

ಫಾರ್ನ್ಸ್‌ವರ್ತ್ ಹುಟ್ಟಿದ್ದು 1920ರ ಸೆಪ್ಟೆಂಬರ್ 1ರಂದು, ಲಾಸ್ ಏಂಜಲೀಸ್ ನಗರದಲ್ಲಿ. ತಂದೆ ಎಂಜಿನಿಯರ್. ಹುಡುಗನಿಗೆ ಏಳು ವರ್ಷ ತುಂಬುವ ಹೊತ್ತಿಗೆ ತಂದೆ ತೀರಿಕೊಂಡರು. ಸಂಸಾರದ ಭಾರ ತಾಯಿಯ ಮೇಲೆ ಬಿತ್ತು. ಅದಾದ ಎರಡೇ ವರ್ಷಕ್ಕೆ, 1929ರಲ್ಲಿ, ಅಮೆರಿಕದ ಷೇರು ಮಾರುಕಟ್ಟೆ ಕುಸಿದು ಇಡೀ ದೇಶ ಮಹಾ ಆರ್ಥಿಕ ಮುಗ್ಗಟ್ಟಿಗೆ ಸಿಲುಕಿತು. ದುಡಿಯಬಲ್ಲ ಗಂಡಸರೇ ಕೆಲಸವಿಲ್ಲದೆ ಬೀದಿಯಲ್ಲಿ ನಿಂತಿದ್ದ ಕಾಲ ಅದು.

ಅಂಥ ಕಾಲದಲ್ಲಿ ಹದಿನಾರರ ಹುಡುಗ ಕೆಲಸಕ್ಕೆ ಸೇರಿದ್ದು ಪೋಲೊ ಆಟದ ಕುದುರೆಗಳ ಲಾಯದಲ್ಲಿ. ಲದ್ದಿ ಬಳಿಯುವುದು, ಮೈ ಉಜ್ಜುವುದು, ನೀರು ತೋರಿಸುವುದು, ಜೀನು ಬಿಗಿಯುವುದು. ಸಂಬಳ ವಾರಕ್ಕೆ 6 ಡಾಲರ್. 1937ರಲ್ಲಿ ಸಿನಿಮಾದವರು ಕುದುರೆ ಸವಾರರನ್ನು ಹುಡುಕಿಕೊಂಡು ಬಂದರು. ‘ದಿ ಅಡ್ವೆಂಚರ್ಸ್ ಆಫ್ ಮಾರ್ಕೊ ಪೋಲೊ’ ಚಿತ್ರಕ್ಕೆ ಮಂಗೋಲ್ ಸವಾರರ ದಂಡು ಬೇಕಾಗಿತ್ತು. ದಿನಕ್ಕೆ 7 ಡಾಲರ್, ಜೊತೆಗೆ ಮಧ್ಯಾಹ್ನದ ಬುತ್ತಿ. ವಾರವಿಡೀ ಲಾಯದಲ್ಲಿ ದುಡಿದರೆ ಸಿಗುವುದಕ್ಕಿಂತ ಹೆಚ್ಚು ಹಣ ಇಲ್ಲಿ ಒಂದೇ ದಿನಕ್ಕೆ! ಹುಡುಗ ಎರಡನೇ ಮಾತಾಡದೆ ಒಪ್ಪಿಕೊಂಡ.

ಇಲ್ಲಿ ಗಮನಿಸಬೇಕಾದ ಒಂದು ಸಂಗತಿಯಿದೆ. ಅವನನ್ನು ಸಿನಿಮಾಕ್ಕೆ ಕರೆತಂದದ್ದು ರೂಪವಲ್ಲ, ವಶೀಲಿಯಲ್ಲ, ನಟನಾಗುವ ಹುಚ್ಚೂ ಅಲ್ಲ. ಲಾಯದ ಚಾಕರಿಯಲ್ಲಿ ಕೈಗೆ ಹತ್ತಿದ ಕುದುರೆ ವಿದ್ಯೆ. ಕುದುರೆಯ ಕಿವಿ ಯಾವ ಕಡೆ ತಿರುಗಿದರೆ ಅದು ಏನು ಮಾಡಲಿದೆ, ಲಗಾಮು ಎಷ್ಟು ಎಳೆದರೆ ಸಾಕು ಎಂಬಂಥ ತಿಳಿವಳಿಕೆ ಪುಸ್ತಕದಿಂದ ಬರುವಂಥದ್ದಲ್ಲ. ಮುಂದಿನ ಅರುವತ್ತು ವರ್ಷವೂ ಅವನನ್ನು ಸಾಕಿದ್ದು ಅದೇ ವಿದ್ಯೆ.

ಬೀಳುವುದೂ ಒಂದು ವಿದ್ಯೆ

ಕುದುರೆ ಓಡಿಸಲು ಬಂದರಷ್ಟೇ ಸಾಲದು. ಸಿನಿಮಾಕ್ಕೆ ಬೇಕಾದದ್ದು ಬೀಳುವವರು. ಗುಂಡು ತಗುಲಿದಂತೆ, ಬಾಣ ನೆಟ್ಟಂತೆ, ಓಡುವ ಕುದುರೆಯಿಂದ ನೆಲಕ್ಕೆ ಉರುಳಬೇಕು. ಸಂಜೆ ಮನೆಗೆ ನಡೆದುಕೊಂಡೇ ಹೋಗಬೇಕು, ಮರುದಿನ ಬೆಳಿಗ್ಗೆ ಮತ್ತೆ ಬೀಳಲು ಬರಬೇಕು. ಇದು ಬರೀ ಧೈರ್ಯದಿಂದ ಆಗುವ ಕೆಲಸವಲ್ಲ. ಇದರ ಹಿಂದೆ ಪ್ರೌಢಶಾಲೆಯ ಭೌತಶಾಸ್ತ್ರವಿದೆ.

ಸುಮಾರು 10 ಮೀಟರ್ ಎತ್ತರದಿಂದ, ಅಂದರೆ ಮೂರು ಅಂತಸ್ತಿನ ಕಟ್ಟಡದಿಂದ ಬಿದ್ದ ವ್ಯಕ್ತಿ ನೆಲ ಮುಟ್ಟುವಾಗ ಅವನ ವೇಗ ಸೆಕೆಂಡಿಗೆ 14 ಮೀಟರ್, ಅಂದರೆ ಗಂಟೆಗೆ 50 ಕಿಲೋಮೀಟರ್. ಈ ಲೆಕ್ಕವನ್ನು ಹತ್ತನೇ ತರಗತಿಯ ವಿದ್ಯಾರ್ಥಿ ತಾನೇ ಮಾಡಬಹುದು: ಗುರುತ್ವ ವೇಗೋತ್ಕರ್ಷ 9.8ನ್ನು ಎತ್ತರದಿಂದಲೂ ಎರಡರಿಂದಲೂ ಗುಣಿಸಿ, ವರ್ಗಮೂಲ ತೆಗೆದರಾಯಿತು. ಆದರೆ ಮನುಷ್ಯನಿಗೆ ಅಪಾಯ ತರುವುದು ಆ ವೇಗವಲ್ಲ. ಬಸ್ಸಿನಲ್ಲಿ ಕುಳಿತು ಅದೇ ವೇಗದಲ್ಲಿ ನಾವು ದಿನವೂ ಹೋಗುತ್ತೇವೆ, ನಿದ್ದೆಯನ್ನೂ ಮಾಡುತ್ತೇವೆ. ಅಪಾಯವಿರುವುದು ಆ ವೇಗ ಎಷ್ಟು ದೂರದಲ್ಲಿ ಸೊನ್ನೆಯಾಗುತ್ತದೆ ಎಂಬುದರಲ್ಲಿ.

ಸಿಮೆಂಟ್ ನೆಲಕ್ಕೆ ಬಿದ್ದರೆ ದೇಹ ನಿಲ್ಲುವುದು ಐದಾರು ಸೆಂಟಿಮೀಟರ್ ಅಂತರದಲ್ಲಿ. ಹತ್ತು ಮೀಟರ್ ಬೀಳುತ್ತಾ ಗಳಿಸಿದ ಚಲನಶಕ್ತಿಯನ್ನೆಲ್ಲ ಐದು ಸೆಂಟಿಮೀಟರಿನಲ್ಲಿ ಕಳೆದುಕೊಳ್ಳಬೇಕು. ಹತ್ತು ಮೀಟರ್ ಎಂದರೆ ಐದು ಸೆಂಟಿಮೀಟರಿನ ಇನ್ನೂರು ಪಟ್ಟು. ಹಾಗಾಗಿ ದೇಹದ ಮೇಲೆ ಬೀಳುವ ಬಲವೂ ಅದರ ತೂಕದ ಸುಮಾರು ಇನ್ನೂರು ಪಟ್ಟು. ಯಾವ ಎಲುಬೂ ಇದನ್ನು ತಾಳದು. ಅದೇ ವ್ಯಕ್ತಿ ಎರಡು ಮೀಟರ್ ದಪ್ಪದ ಮೆತ್ತನೆಯ ರಾಶಿಯ ಮೇಲೆ ಬಿದ್ದು, ಅದರೊಳಗೆ ನಿಧಾನವಾಗಿ ಕುಸಿಯುತ್ತಾ ನಿಂತರೆ ಬಲ ತೂಕದ ಐದಾರು ಪಟ್ಟಿಗೆ ಇಳಿಯುತ್ತದೆ. ಸರಿಯಾದ ಭಂಗಿಯಲ್ಲಿ ಬಿದ್ದ ದೇಹ ಇದನ್ನು ತಡೆದುಕೊಳ್ಳಬಲ್ಲದು. ಕಣದಲ್ಲಿ ಹುಲ್ಲಿನ ರಾಶಿಯ ಮೇಲೆ ಹಾರುವ ಹಳ್ಳಿ ಮಕ್ಕಳು ಲೆಕ್ಕ ಗೊತ್ತಿಲ್ಲದೆ ಈ ನಿಯಮವನ್ನೇ ನಂಬಿರುತ್ತಾರೆ.

ಹಳೆಯ ಕಾಲದ ಸಾಹಸ ಕಲಾವಿದರು ಇದಕ್ಕಾಗಿ ಬಳಸಿದ್ದು ಖಾಲಿ ರಟ್ಟಿನ ಪೆಟ್ಟಿಗೆಗಳನ್ನು. ಸಾಲುಸಾಲಾಗಿ ಪೇರಿಸಿ, ಸುತ್ತ ಹಗ್ಗ ಬಿಗಿದು, ಮೇಲೆ ಹಾಸಿಗೆ ಹಾಸುತ್ತಿದ್ದರು. ಬಿದ್ದಾಗ ಒಂದೊಂದೇ ಪೆಟ್ಟಿಗೆ ಅಪ್ಪಚ್ಚಿಯಾಗುತ್ತಾ ಚಲನಶಕ್ತಿಯನ್ನು ನುಂಗಿಕೊಳ್ಳುತ್ತದೆ. ಆಮೇಲೆ ಬಂದ ಗಾಳಿ ಚೀಲದ್ದೂ ಇದೇ ತತ್ತ್ವ. ಅದರ ಪಕ್ಕಗಳಲ್ಲಿ ಗಾಳಿ ಹೊರಹೋಗಲು ಕಂಡಿಗಳಿರುತ್ತವೆ. ಗಾಳಿ ಹೊರಗೆ ಹೋಗದಿದ್ದರೆ ಚೀಲ ಚೆಂಡಿನಂತೆ ವರ್ತಿಸಿ ಮನುಷ್ಯನನ್ನು ಮತ್ತೆ ಮೇಲಕ್ಕೆ ಎಸೆದುಬಿಡುತ್ತದೆ.

ಕುದುರೆಯಿಂದ ಬೀಳುವ ಲೆಕ್ಕವೇ ಬೇರೆ. ಜೀನಿನ ಎತ್ತರ ಒಂದೂವರೆ ಮೀಟರ್ ಎಂದಿಟ್ಟುಕೊಂಡರೆ, ಕೆಳಮುಖ ವೇಗ ಗಂಟೆಗೆ ಸುಮಾರು 20 ಕಿಲೋಮೀಟರ್ ಮಾತ್ರ. ಆದರೆ ಕುದುರೆ 40 ಕಿಲೋಮೀಟರ್ ವೇಗದಲ್ಲಿ ಓಡುತ್ತಿದ್ದರೆ ಬಿದ್ದವನ ಮೈಯಲ್ಲಿ ಆ ಮುಮ್ಮುಖ ವೇಗವೂ ಇರುತ್ತದೆ. ಅದನ್ನು ಒಮ್ಮೆಲೇ ತಡೆಯಲು ಹೋಗಬಾರದು, ಉರುಳಿ ಉರುಳಿ ಕಳೆಯಬೇಕು. ಗದ್ದ ಎದೆಗೆ ಒತ್ತಿರಬೇಕು. ಬೀಳುವಾಗ ಯಾರೇ ಆಗಲಿ ಕೈಯೂರಲು ನೋಡುತ್ತಾರೆ. ಹಾಗೆ ಊರಿದರೆ ಮಣಿಕಟ್ಟೋ ಕೊರಳ ಪಕ್ಕದ ಎಲುಬೋ ಮುರಿಯುವುದು ಖಂಡಿತ. ಮೈಗೆ ಹುಟ್ಟಿನಿಂದ ಬಂದ ಈ ಅಭ್ಯಾಸವನ್ನು ಬಿಡಿಸುವುದಕ್ಕೇ ತಿಂಗಳುಗಟ್ಟಲೆ ತಾಲೀಮು ಬೇಕು. ಬೀಳುವ ಜಾಗದ ನೆಲವನ್ನು ಮೊದಲೇ ಅಗೆದು, ಕಲ್ಲು ಹೆಕ್ಕಿ, ಮರಳು ಬೆರೆಸಿ ಸಡಿಲ ಮಾಡಿರುತ್ತಾರೆ. ತೆರೆಯ ಮೇಲೆ ನಮಗೆ ಕಾಣುವುದು ಬರಿಯ ಧೂಳು.

ವಿದ್ಯಾರ್ಥಿಗಳು ಇಷ್ಟನ್ನು ಓದಿ ಮನೆಯ ತಾರಸಿಯ ಕೆಳಗೆ ಹಾಸಿಗೆ ಹಾಸಲು ಹೊರಡಬಾರದು! ಪೆಟ್ಟಿಗೆಗಳ ಸಂಖ್ಯೆ, ಪೇರಿಸುವ ಕ್ರಮ, ಬೀಳುವ ಭಂಗಿ ಇವುಗಳಲ್ಲಿ ಒಂದು ತಪ್ಪಿದರೂ ಬೆನ್ನುಮೂಳೆಗೆ ಕುತ್ತು. ಸೂತ್ರವನ್ನು ತಿಳಿದುಕೊಳ್ಳುವುದಕ್ಕೂ ವರ್ಷಗಟ್ಟಲೆ ಪಳಗುವುದಕ್ಕೂ ಬಹಳ ಅಂತರವಿದೆ.

ಪೆಟ್ಟು ತಿಂದು ಕಲಿತ ಪಾಠಗಳು

ಫಾರ್ನ್ಸ್‌ವರ್ತ್ ಈ ಕಸುಬಿಗೆ ಬಂದ ಕಾಲದಲ್ಲಿ ಸುರಕ್ಷತೆ ಎಂಬುದು ಆಗತಾನೇ ಕಣ್ಣು ಬಿಡುತ್ತಿತ್ತು. ಸವಾರರಿಗಿಂತ ಹೆಚ್ಚು ಕಷ್ಟಪಟ್ಟದ್ದು ಕುದುರೆಗಳು. ಓಡುವ ಕುದುರೆಯ ಮುಂಗಾಲುಗಳಿಗೆ ತಂತಿ ಕಟ್ಟಿ, ಬೇಕಾದ ಜಾಗದಲ್ಲಿ ಅದು ಮುಗ್ಗರಿಸುವಂತೆ ಮಾಡುವ ಕ್ರೂರ ಪದ್ಧತಿಯಿತ್ತು. ಎಷ್ಟೋ ಕುದುರೆಗಳ ಕಾಲು, ಕತ್ತು ಮುರಿಯುತ್ತಿತ್ತು. 1939ರ ‘ಜೆಸ್ಸಿ ಜೇಮ್ಸ್’ ಚಿತ್ರಕ್ಕಾಗಿ ಕುದುರೆಯೊಂದನ್ನು ಎತ್ತರದ ಬಂಡೆಯಿಂದ ನೀರಿಗೆ ಬೀಳಿಸಿ ಸಾಯಿಸಿದಾಗ ಜನ ಸಿಟ್ಟಿಗೆದ್ದರು. ಅದರ ಫಲವಾಗಿ 1940ರಿಂದ ‘ಅಮೆರಿಕನ್ ಹ್ಯೂಮೇನ್’ ಎಂಬ ಪ್ರಾಣಿದಯಾ ಸಂಸ್ಥೆ ಹಾಲಿವುಡ್ ಚಿತ್ರೀಕರಣಗಳ ಮೇಲೆ ನಿಗಾ ಇಡತೊಡಗಿತು. ಮುಂದೆ, ಲಗಾಮಿನ ಒಂದು ಸನ್ನೆಗೆ ಪಕ್ಕಕ್ಕೆ ವಾಲಿ ಮೆತ್ತನೆಯ ನೆಲದ ಮೇಲೆ ಮಲಗುವಂತೆ ಕುದುರೆಗಳನ್ನೇ ಪಳಗಿಸುವ ಪದ್ಧತಿ ಬೆಳೆಯಿತು.

ಸವಾರರ ಪಾಲಿಗೆ ಗುರುವಿನಂತೆ ಬಂದವರು ಯಾಕಿಮಾ ಕ್ಯಾನಟ್. 1895ರಲ್ಲಿ ಹುಟ್ಟಿದ ಕ್ಯಾನಟ್ ಮೊದಲು ರೋಡಿಯೊ ಎಂಬ ಕುದುರೆ ಪಳಗಿಸುವ ಪಂದ್ಯಗಳ ಗೆಲುವಿನ ಸವಾರ. 1939ರ ‘ಸ್ಟೇಜ್‌ಕೋಚ್’ ಚಿತ್ರದಲ್ಲಿ ಅವರು ಮಾಡಿದ ಸಾಹಸ ಇಂದಿಗೂ ಪಾಠವಾಗಿ ಉಳಿದಿದೆ. ನಾಗಾಲೋಟದಲ್ಲಿದ್ದ ಸಾರೋಟಿನ ಮುಂದಿನ ಕುದುರೆಗಳ ಮೇಲೆ ಹಾರಿ, ಗುಂಡೇಟು ತಗುಲಿದಂತೆ ಕುದುರೆಗಳ ನಡುವೆ ಜಾರಿ, ಮೂಕಿಮರ ಹಿಡಿದು ಎಳೆಸಿಕೊಂಡು ಹೋಗಿ, ಕೊನೆಗೆ ಕೈಬಿಟ್ಟಾಗ ಇಡೀ ಗಾಡಿ ಅವರ ಮೇಲಿಂದ ಹಾದುಹೋಯಿತು. ಕುದುರೆಗಳ ಕಾಲುಗಳ ನಡುವಿನ ಜಾಗ, ಗಾಡಿಯ ಅಡಿಯ ಜಾಗ, ಕೈಬಿಡುವ ಕ್ಷಣ ಇವೆಲ್ಲವೂ ಮೊದಲೇ ಲೆಕ್ಕ ಹಾಕಿದ್ದವು.

ಕ್ಯಾನಟ್ ಅವರ ದೊಡ್ಡ ಕೊಡುಗೆ ಇದಕ್ಕಿಂತಲೂ ಸಣ್ಣ ವಸ್ತುವೊಂದರಲ್ಲಿದೆ. ಜೀನಿನಿಂದ ತೂಗುವ, ಸವಾರ ಕಾಲಿಡುವ ಬಳೆಗೆ ರಿಕಾಪು ಎನ್ನುತ್ತಾರೆ. ಬೀಳುವಾಗ ಪಾದ ಅದರಲ್ಲಿ ಸಿಕ್ಕಿಕೊಂಡರೆ ಕುದುರೆ ಸವಾರನನ್ನು ದರದರನೆ ಎಳೆದೊಯ್ಯುತ್ತದೆ. ಕ್ಯಾನಟ್ ಒಂದು ಪಕ್ಕ ತೆರೆದಿರುವ ರಿಕಾಪನ್ನು ರೂಪಿಸಿದರು. ಪಾದ ಸಲೀಸಾಗಿ ಹೊರಗೆ ಜಾರುತ್ತದೆ, ಅಷ್ಟೇ. ಇಂಥ ಸುರಕ್ಷಾ ಸಾಧನಗಳಿಗಾಗಿಯೂ ಸಾಹಸಗಳಿಗಾಗಿಯೂ ಆಸ್ಕರ್ ಅಕಾಡೆಮಿ 1967ರಲ್ಲಿ ಅವರಿಗೆ ಗೌರವ ಪ್ರಶಸ್ತಿ ನೀಡಿತು. ಎಷ್ಟು ಜನರ ಕಾಲು, ಎಷ್ಟು ಜನರ ಜೀವ ಆ ತೆರೆದ ಪಕ್ಕದಿಂದ ಉಳಿಯಿತೋ!

ಬೆನ್ನು ಮಾತ್ರ ಕಂಡ ವರ್ಷಗಳು

ಈ ಪರಂಪರೆಯಲ್ಲಿ ಪಳಗಿದ ಫಾರ್ನ್ಸ್‌ವರ್ತ್ ಕೆಲಸ ಮಾಡಿದ ಚಿತ್ರಗಳ ಹೆಸರು ಕೇಳಿದರೆ ಚಿತ್ರರಸಿಕರ ಕಿವಿ ನಿಮಿರುತ್ತದೆ. 1939ರಲ್ಲಿ ಬಂದ ‘ಗಂಗಾ ದಿನ್’ ಭಾರತದ ವಾಯವ್ಯ ಗಡಿಯ ಕಥೆ. ಚಿತ್ರೀಕರಣವಾದದ್ದು ಮಾತ್ರ ಕ್ಯಾಲಿಫೋರ್ನಿಯಾದ ಬೆಟ್ಟಗಳಲ್ಲಿ. ಅದೇ ವರ್ಷದ ‘ಗಾನ್ ವಿತ್ ದಿ ವಿಂಡ್’, 1948ರ ‘ರೆಡ್ ರಿವರ್’, 1956ರ ‘ದಿ ಟೆನ್ ಕಮಾಂಡ್‌ಮೆಂಟ್ಸ್’, 1960ರ ‘ಸ್ಪಾರ್ಟಕಸ್’ — ಎಲ್ಲದರಲ್ಲೂ ಅವರಿದ್ದರು. ಒಂದರಲ್ಲಿ ಸೈನಿಕ, ಇನ್ನೊಂದರಲ್ಲಿ ರಥದ ಸಾರಥಿ, ಮತ್ತೊಂದರಲ್ಲಿ ಗ್ಲಾಡಿಯೇಟರ್. ಹೆಸರಿನ ಪಟ್ಟಿಯಲ್ಲಿ ಹುಡುಕಿದರೆ ಬಹುಪಾಲು ಕಡೆ ಸಿಗುವುದಿಲ್ಲ. ‘ರೆಡ್ ರಿವರ್’ನಲ್ಲಿ ಮಾಂಟ್‌ಗೊಮರಿ ಕ್ಲಿಫ್ಟ್ ಅವರಿಗೆ ಡ್ಯೂಪ್ ಆಗಿದ್ದರು. ರಾಯ್ ರಾಜರ್ಸ್, ಗ್ಯಾರಿ ಕೂಪರ್, ಹೆನ್ರಿ ಫೋಂಡಾ, ಸ್ಟೀವ್ ಮ್ಯಾಕ್ವೀನ್ ಅವರಂಥ ತಾರೆಯರ ಬದಲಿಗೂ ಕುದುರೆ ಏರಿದರು.

ಡ್ಯೂಪ್ ಆಗುವುದೆಂದರೆ ನಾಯಕನ ಅಂಗಿ ತೊಟ್ಟು ಟೋಪಿ ಇಟ್ಟುಕೊಂಡರೆ ಮುಗಿಯಲಿಲ್ಲ. ಒಬ್ಬ ಭುಜ ತುಸು ಬಾಗಿಸಿ ಕುಳಿತುಕೊಳ್ಳುತ್ತಾನೆ, ಇನ್ನೊಬ್ಬ ಮೊಣಕೈ ಮೈಗೆ ಒತ್ತಿ ಲಗಾಮು ಹಿಡಿಯುತ್ತಾನೆ, ಮತ್ತೊಬ್ಬ ಇಳಿಯುವಾಗ ಎಡಗಾಲು ಎಳೆಯುತ್ತಾನೆ. ಇವನ್ನೆಲ್ಲ ಕಣ್ಣಿನಲ್ಲೇ ಅಳೆದು ತನ್ನ ಮೈಗೆ ಇಳಿಸಿಕೊಳ್ಳಬೇಕು. ಬೆನ್ನ ಹಿಂದಿನಿಂದ ನೋಡಿದ ಪ್ರೇಕ್ಷಕನಿಗೆ ‘ಇವನು ನಮ್ಮ ನಾಯಕನೇ’ ಎನ್ನಿಸಬೇಕು. ಯೋಚಿಸಿ ನೋಡಿದರೆ ಇದೂ ಅಭಿನಯವೇ, ಮುಖವನ್ನು ಬಿಟ್ಟು ಉಳಿದ ಮೈಯಿಂದಲೇ ಮಾಡುವ ಅಭಿನಯ. ಫಾರ್ನ್ಸ್‌ವರ್ತ್ ಈ ಶಾಲೆಯಲ್ಲಿ ನಲವತ್ತು ವರ್ಷ ವಿದ್ಯಾರ್ಥಿಯಾಗಿದ್ದರು. ಅಲ್ಲಿ ಪಾಠವಿತ್ತು, ಪರೀಕ್ಷೆಯಿತ್ತು, ಅಂಕಪಟ್ಟಿ ಮಾತ್ರ ಇರಲಿಲ್ಲ.

ಈ ಕಸುಬಿನವರಿಗೂ ಒಂದು ಸಂಘಟನೆ ಬೇಕೆಂದು 1961ರಲ್ಲಿ ಹಾಲಿವುಡ್‌ನಲ್ಲಿ ಸಾಹಸ ಕಲಾವಿದರ ಸಂಘ ಹುಟ್ಟಿತು. ಅದರ ಸ್ಥಾಪಕರಲ್ಲಿ ಫಾರ್ನ್ಸ್‌ವರ್ತ್ ಒಬ್ಬರು. ಅವರ ಮಗನೂ ಮುಂದೆ ಇದೇ ಕಸುಬು ಹಿಡಿದರು.

ಐವತ್ತೆಂಟರಲ್ಲಿ ಹೊಸ ಹುಟ್ಟು

ಸಾಹಸ ಕಲಾವಿದನ ಬಂಡವಾಳ ಅವನ ಮೈ. ಐವತ್ತು ದಾಟಿದ ಮೇಲೆ ಪೆಟ್ಟು ಬೇಗ ಮಾಯುವುದಿಲ್ಲ, ಕೀಲುಗಳು ಹಳೆಯ ಬಾಕಿಯನ್ನೆಲ್ಲ ಕೇಳತೊಡಗುತ್ತವೆ. ಸಾಮಾನ್ಯವಾಗಿ ಅಲ್ಲಿಗೆ ಈ ಕಸುಬು ಮುಗಿದಂತೆ. ಫಾರ್ನ್ಸ್‌ವರ್ತ್ ಅವರಿಗೆ 1970ರ ದಶಕದಲ್ಲಿ ಒಂದೆರಡು ಮಾತಿರುವ ಸಣ್ಣಪುಟ್ಟ ಪಾತ್ರಗಳು ಸಿಗತೊಡಗಿದವು.

1978ರಲ್ಲಿ ನಿರ್ದೇಶಕ ಅಲನ್ ಪಕುಲಾ ‘ಕಮ್ಸ್ ಎ ಹಾರ್ಸ್‌ಮನ್’ ಚಿತ್ರ ತೆಗೆದರು. ಜೇನ್ ಫೋಂಡಾ, ಜೇಮ್ಸ್ ಕಾನ್, ಜೇಸನ್ ರೊಬಾರ್ಡ್ಸ್ ಅವರಂಥ ದೊಡ್ಡ ನಟರ ನಡುವೆ ಡಾಜರ್ ಎಂಬ ಮುದಿ ಆಳಿನ ಪಾತ್ರ ಫಾರ್ನ್ಸ್‌ವರ್ತ್ ಅವರ ಪಾಲಿಗೆ ಬಂತು. ದನ ಸಾಕುವ ಒಂಟಿ ಹೆಣ್ಣುಮಗಳ ಬೆನ್ನಿಗೆ ನಿಲ್ಲುವ, ಮಾತು ಕಡಿಮೆಯ, ನಿಯತ್ತಿನ ಮನುಷ್ಯ ಡಾಜರ್. ಹಗ್ಗ ಸುತ್ತುವ ಕೈ, ಬಿಸಿಲಿಗೆ ಸುಕ್ಕಾದ ಮುಖ, ಕುದುರೆಯ ಪಕ್ಕ ನಿಲ್ಲುವ ರೀತಿ ಯಾವುದನ್ನೂ ಅವರು ನಟಿಸಬೇಕಾಗಿರಲಿಲ್ಲ. ನಾಲ್ಕು ದಶಕ ಕ್ಯಾಮೆರಾದಿಂದ ಮರೆಯಾಗಿದ್ದ ಮುಖ ಮೊದಲ ಸಲ ಎದುರಿಗೆ ತಿರುಗಿತ್ತು. ಪೋಷಕ ನಟನ ಆಸ್ಕರ್ ಪಟ್ಟಿಯಲ್ಲಿ ಅವರ ಹೆಸರು ಬಂತು. ಪ್ರಶಸ್ತಿ ಬೇರೆಯವರ ಪಾಲಾಯಿತು ನಿಜ. ಆದರೆ ಚಿತ್ರರಂಗಕ್ಕೆ ಒಬ್ಬ ಹೊಸ ನಟ ಸಿಕ್ಕಿದ್ದ, 58 ವರ್ಷದ ಹೊಸ ನಟ!

1982ರಲ್ಲಿ ತೆರೆಕಂಡ ಕೆನಡಾದ ‘ದಿ ಗ್ರೇ ಫಾಕ್ಸ್’ ಅವರನ್ನು ನಾಯಕನ ಸ್ಥಾನಕ್ಕೇರಿಸಿತು. ಬಿಲ್ ಮೈನರ್ ಎಂಬ ನಿಜವಾದ ದರೋಡೆಕೋರನ ಕಥೆ ಅದು. ಸಾರೋಟುಗಳನ್ನು ದೋಚುತ್ತಿದ್ದ ಆತ ದಶಕಗಳ ಸೆರೆವಾಸ ಮುಗಿಸಿ ಹೊರಬರುವಾಗ ಸಾರೋಟುಗಳ ಕಾಲವೇ ಮುಗಿದಿರುತ್ತದೆ. ಕಾಲ ಬದಲಾದರೂ ತನ್ನ ಕಸುಬು ಬಿಡಲಾರದ ಮುದುಕನ ಸೌಮ್ಯ ಮುಖವನ್ನು ಫಾರ್ನ್ಸ್‌ವರ್ತ್ ತೋರಿಸಿದ ಬಗೆಗೆ ಕೆನಡಾದ ಜೀನಿ ಪ್ರಶಸ್ತಿ ಬಂತು. 1985ರಲ್ಲಿ ಕೆನಡಾದ ಕಿರುತೆರೆಗಾಗಿ ತಯಾರಾದ ‘ಆ್ಯನ್ ಆಫ್ ಗ್ರೀನ್ ಗೇಬಲ್ಸ್’ನಲ್ಲಿ, ಅನಾಥ ಹುಡುಗಿಯನ್ನು ಮನೆಗೆ ಕರೆತರುವ ನಾಚಿಕೆ ಸ್ವಭಾವದ ಮ್ಯಾಥ್ಯೂ ಅವರೇ. ಮಕ್ಕಳ ಪ್ರೀತಿಯ ಆ ಕಾದಂಬರಿಯನ್ನು ಓದಿದವರಿಗೆ ಮ್ಯಾಥ್ಯೂ ಎಂದರೆ ಈ ಮುಖವೇ ನೆನಪಾಗುವಷ್ಟು ಆ ಪಾತ್ರ ಅವರಿಗೆ ಒಪ್ಪಿತು. 1984ರ ‘ದಿ ನ್ಯಾಚುರಲ್’, 1990ರ ‘ಮಿಸರಿ’ ಚಿತ್ರಗಳಲ್ಲೂ ಗಮನ ಸೆಳೆದರು.

ಗಂಟೆಗೆ ಎಂಟು ಕಿಲೋಮೀಟರ್

ಜೀವಮಾನವೆಲ್ಲ ನಾಗಾಲೋಟದ ಕುದುರೆಗಳ ಮೇಲೆ ಕಳೆದವರ ಅತಿ ದೊಡ್ಡ ಪಾತ್ರ ಬಂದದ್ದು ಗಂಟೆಗೆ 8 ಕಿಲೋಮೀಟರ್ ವೇಗದ ಒಂದು ವಾಹನದ ಮೇಲೆ. ಅದು ಅಂಗಳದ ಹುಲ್ಲು ಕತ್ತರಿಸುವ ಯಂತ್ರ!

ಆ ಕಥೆಯೂ ನಿಜವೇ. ಅಮೆರಿಕದ ಅಯೋವಾ ರಾಜ್ಯದ ಲಾರೆನ್ಸ್ ಎಂಬ ಊರಿನಲ್ಲಿ ಆಲ್ವಿನ್ ಸ್ಟ್ರೇಟ್ ಎಂಬ 73ರ ವೃದ್ಧರಿದ್ದರು. 1994ರಲ್ಲಿ ಅವರ ಅಣ್ಣನಿಗೆ ಪಾರ್ಶ್ವವಾಯು ಬಡಿದ ಸುದ್ದಿ ಬಂತು. ಅಣ್ಣ ಇದ್ದದ್ದು ಪಕ್ಕದ ವಿಸ್ಕಾನ್ಸಿನ್ ರಾಜ್ಯದಲ್ಲಿ, ಸುಮಾರು 386 ಕಿಲೋಮೀಟರ್ ದೂರ. ಕಣ್ಣು ಮಂಜಾಗಿದ್ದರಿಂದ ಇವರಿಗೆ ಕಾರು ಓಡಿಸುವ ಪರವಾನಗಿ ಇರಲಿಲ್ಲ. ಹುಲ್ಲು ಕತ್ತರಿಸುವ ಯಂತ್ರಕ್ಕೆ ಪರವಾನಗಿ ಬೇಕಿಲ್ಲವಲ್ಲ! ಹಿಂದೆ ಒಂದು ತಳ್ಳುಬಂಡಿಯಂಥ ಗಾಡಿ ಕಟ್ಟಿಕೊಂಡು ಹೊರಟೇಬಿಟ್ಟರು. ದೂರವನ್ನು ವೇಗದಿಂದ ಭಾಗಿಸಿದರೆ ಪ್ರಯಾಣ 48 ಗಂಟೆಯದು. ಆದರೆ ಯಂತ್ರ ಕೆಟ್ಟು, ಕೈಯಲ್ಲಿದ್ದ ಹಣ ಮುಗಿದು, ಪಿಂಚಣಿ ಬರುವವರೆಗೆ ದಾರಿಯಲ್ಲೇ ಕಾದು, ಅಣ್ಣನ ಊರು ಸೇರುವಾಗ ಆರು ವಾರ ಕಳೆದಿತ್ತು.

ಇದನ್ನು ನಿರ್ದೇಶಕ ಡೇವಿಡ್ ಲಿಂಚ್ ‘ದಿ ಸ್ಟ್ರೇಟ್ ಸ್ಟೋರಿ’ ಎಂಬ ಚಿತ್ರ ಮಾಡಿದರು. 1998ರಲ್ಲಿ, ಆಲ್ವಿನ್ ಸಾಗಿದ ದಾರಿಯಲ್ಲೇ ಚಿತ್ರೀಕರಣ ನಡೆಯಿತು. ಆಲ್ವಿನ್ ಪಾತ್ರಕ್ಕೆ ಬಂದ ಫಾರ್ನ್ಸ್‌ವರ್ತ್ ಅವರಿಗೆ ಆಗ 78 ವರ್ಷ. ಅವರ ಮೈಯಲ್ಲಿ ಕ್ಯಾನ್ಸರ್ ಮೂಳೆಗಳಿಗೆ ಹಬ್ಬಿತ್ತು. ನಡೆಯುವುದೇ ಕಷ್ಟವಾಗಿತ್ತು. ಚಿತ್ರದಲ್ಲಿ ಆಲ್ವಿನ್ ಎರಡು ಊರುಗೋಲು ಹಿಡಿದು ಒಂದೊಂದೇ ಹೆಜ್ಜೆ ಇಡುವುದನ್ನು ಕಾಣುತ್ತೇವೆ. ಅದರಲ್ಲಿ ಅಭಿನಯ ಎಷ್ಟು, ನಟನ ನಿಜವಾದ ನೋವು ಎಷ್ಟು ಎಂದು ಬೇರ್ಪಡಿಸಲಾಗದು. ನೋವನ್ನು ತೋರಿಸಿಕೊಳ್ಳದೆ ಕೆಲಸ ಮುಗಿಸುವುದು ಸಾಹಸ ಕಲಾವಿದನ ಮೊದಲ ಪಾಠವಲ್ಲವೇ?

2000ದ ಆಸ್ಕರ್‌ಗೆ ಶ್ರೇಷ್ಠ ನಟನ ಪಟ್ಟಿಯಲ್ಲಿ ಅವರ ಹೆಸರು ಬಂದಾಗ ವಯಸ್ಸು 79. ಆ ವಿಭಾಗದಲ್ಲಿ ಅಷ್ಟು ಹಿರಿಯರು ಅದುವರೆಗೆ ಯಾರೂ ಇರಲಿಲ್ಲ. 2021ರಲ್ಲಿ 83ರ ಆಂಟನಿ ಹಾಪ್ಕಿನ್ಸ್ ಬರುವವರೆಗೆ ಆ ದಾಖಲೆ ಉಳಿಯಿತು. ಅದೇ ವರ್ಷ, ಅಂದರೆ 2000ದ ಅಕ್ಟೋಬರ್ 6ರಂದು, ನ್ಯೂ ಮೆಕ್ಸಿಕೊ ರಾಜ್ಯದ ಲಿಂಕನ್‌ನಲ್ಲಿದ್ದ ತಮ್ಮ ಮನೆಯಲ್ಲಿ ಫಾರ್ನ್ಸ್‌ವರ್ತ್ ಕೊನೆಯುಸಿರೆಳೆದರು.

ನಮ್ಮ ನೆಲದ ಪಾಠ

ಸಾಹಸ ಕಲಾವಿದ ಪೋಷಕ ನಟನಾಗುವುದು ನಮಗೂ ಹೊಸದಲ್ಲ. ಮಂಗಳೂರು ಕಡೆಯ ಎಂ.ಬಿ. ಶೆಟ್ಟಿ ಮುಂಬಯಿಗೆ ಹೋಗಿ ಹಿಂದಿ ಚಿತ್ರಗಳ ಹೆಸರಾಂತ ಫೈಟ್ ಮಾಸ್ಟರ್ ಆದರು. ಬೋಳು ತಲೆಯ ಖಳನಾಗಿ 1978ರ ‘ಡಾನ್’ ಮೊದಲಾದ ಚಿತ್ರಗಳಲ್ಲಿ ಪ್ರೇಕ್ಷಕರ ನೆನಪಿನಲ್ಲಿ ಉಳಿದರು. ಇಂದಿನ ನಿರ್ದೇಶಕ ರೋಹಿತ್ ಶೆಟ್ಟಿ ಅವರ ಮಗ.

ಆದರೆ ಕನ್ನಡಿಗರು ಮರೆಯಬಾರದ ಇನ್ನೊಂದು ದಿನವಿದೆ. 2016ರ ನವೆಂಬರ್ 7. ಬೆಂಗಳೂರಿನ ಸಮೀಪದ ತಿಪ್ಪಗೊಂಡನಹಳ್ಳಿ ಜಲಾಶಯದಲ್ಲಿ ‘ಮಾಸ್ತಿಗುಡಿ’ ಚಿತ್ರದ ಕೊನೆಯ ಭಾಗದ ಚಿತ್ರೀಕರಣ. ಖಳ ಪಾತ್ರಧಾರಿಗಳಾದ ಅನಿಲ್ ಮತ್ತು ಉದಯ್ ಹೆಲಿಕಾಪ್ಟರಿನಿಂದ ನೀರಿಗೆ ಹಾರಿದರು. ಇಬ್ಬರಿಗೂ ಜೀವರಕ್ಷಕ ಜಾಕೆಟ್ ಇರಲಿಲ್ಲ. ಈಜಿನಲ್ಲಿ ತನಗೆ ಅಷ್ಟು ಪಳಗಿಕೆಯಿಲ್ಲ ಎಂದು ಉದಯ್ ಹಾರುವ ಮೊದಲೇ ಕ್ಯಾಮೆರಾದ ಮುಂದೆ ಹೇಳಿಕೊಂಡಿದ್ದರು. ಇಬ್ಬರೂ ನೀರುಪಾಲಾದರು. ಕಟ್ಟುಮಸ್ತಾದ ಮೈ, ಎದೆಗಾರಿಕೆ ಎರಡೂ ಆ ತರುಣರಲ್ಲಿ ಬೇಕಾದಷ್ಟಿತ್ತು. ಇಲ್ಲದಿದ್ದದ್ದು ಅವರ ಸುತ್ತ ಇರಬೇಕಾಗಿದ್ದ ಸಿದ್ಧತೆ. ಕ್ಯಾನಟ್ ಅವರ ತೆರೆದ ರಿಕಾಪಿನಷ್ಟೇ ಸರಳವಾದ ಒಂದು ಜಾಕೆಟ್ ಅವರನ್ನು ನೀರಿನ ಮೇಲೆ ತೇಲಿಸಬಹುದಿತ್ತು. ಧೈರ್ಯ ಗುರುತ್ವಾಕರ್ಷಣೆಯನ್ನೂ ತಡೆಯದು, ನೀರನ್ನೂ ತಡೆಯದು.

ಇತ್ತೀಚೆಗೆ ಈ ಕಸುಬಿಗೆ ಮನ್ನಣೆ ಸಿಗತೊಡಗಿದೆ. ನಮ್ಮ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ 2017ರಿಂದ ಸಾಹಸ ನಿರ್ದೇಶನಕ್ಕೂ ಪ್ರಶಸ್ತಿಯಿದೆ. ಮುಂದಿನ ವರ್ಷಗಳಲ್ಲಿ ಕನ್ನಡದ ‘ಕೆ.ಜಿ.ಎಫ್: ಚಾಪ್ಟರ್ 1’ ಚಿತ್ರಕ್ಕೂ ಅದು ಸಂದಿತು. ಸಾಹಸ ವಿನ್ಯಾಸಕ್ಕೆ ಪ್ರತ್ಯೇಕ ಪ್ರಶಸ್ತಿ ಕೊಡುವುದಾಗಿ ಆಸ್ಕರ್ ಅಕಾಡೆಮಿ 2025ರ ಏಪ್ರಿಲ್‌ನಲ್ಲಿ ಪ್ರಕಟಿಸಿತು. 2027ರಲ್ಲಿ ಬಿಡುಗಡೆಯಾಗುವ ಚಿತ್ರಗಳಿಂದ ಅದು ಆರಂಭ. ಫಾರ್ನ್ಸ್‌ವರ್ತ್ ಕುದುರೆ ಏರಿ ತೊಂಬತ್ತು ವರ್ಷವಾದ ಮೇಲೆ!

ಯಾರಿಗೆ ಯಾವ ಹೊತ್ತು?

ಫಾರ್ನ್ಸ್‌ವರ್ತ್ ಕಥೆ ಕೇಳಿ ಎಲ್ಲರಿಗೂ ಕೊನೆಗೆ ಬೆಳಕು ಸಿಕ್ಕೇ ಸಿಗುತ್ತದೆ ಎಂದು ಹೇಳಿದರೆ ಅದು ಸುಳ್ಳಾದೀತು. ಅವರ ಜೊತೆ ಕುದುರೆ ಓಡಿಸಿದ ನೂರಾರು ಸವಾರರ ಹೆಸರು ಯಾವ ಪಟ್ಟಿಯಲ್ಲೂ ಇಲ್ಲ. ಅವರ ಮುಖ ನಾವು ಎಂದೂ ನೋಡಲಿಲ್ಲ. ಹಾಗೆಂದು ಅವರ ಕೆಲಸ ಕಡಿಮೆಯದೇನಲ್ಲ. ಅವರು ಕಲಿತು ಬಿಟ್ಟುಹೋದ ಜಾಗ್ರತೆಯಿಂದ ಇಂದಿನ ಕಲಾವಿದರು ಸಂಜೆ ಮನೆಗೆ ಮರಳುತ್ತಿದ್ದಾರೆ.

ಹತ್ತನೇ ತರಗತಿಯಲ್ಲಿ, ಪಿಯುಸಿಯಲ್ಲಿ ಬಂದ ಅಂಕಗಳನ್ನೇ ಬದುಕಿನ ಕೊನೆಯ ತೀರ್ಪು ಎಂದುಕೊಳ್ಳುವ ಮನೆಗಳು ನಮ್ಮಲ್ಲಿ ಕಡಿಮೆಯಿಲ್ಲ. ಪಕ್ಕದ ಮನೆಯ ಹುಡುಗ ಮುಂದೆ ಹೋದ, ನಮ್ಮವನು ಹಿಂದೆ ಉಳಿದ ಎಂದು ಹದಿನೇಳರ ಮಕ್ಕಳನ್ನು ತೂಗುವ ತಂದೆತಾಯಿಯರು, ಹದಿನಾರರಲ್ಲಿ ಲದ್ದಿ ಬಳಿಯುತ್ತಿದ್ದ ಈ ಹುಡುಗನನ್ನು ಒಮ್ಮೆ ನೆನೆಯಬೇಕು. ತಾಳಿದವನು ಬಾಳಿಯಾನು ಎಂಬ ಗಾದೆಯಲ್ಲಿ ತಾಳುವುದೆಂದರೆ ಕೈಕಟ್ಟಿ ಕೂರುವುದು ಎಂದು ಅರ್ಥವಲ್ಲ. ಹಿಡಿದ ಕೆಲಸವನ್ನು ಯಾರು ನೋಡಲಿ ಬಿಡಲಿ ಚೊಕ್ಕವಾಗಿ ಮಾಡುತ್ತಾ ಕಾಯುವುದು.

ತೆರೆಯ ಮೇಲಿನ ನೆಗೆತಕ್ಕೆ ಮನಸೋಲುವ ವಿದ್ಯಾರ್ಥಿಗಳು ಆ ಒಂದು ಕ್ಷಣದ ಹಿಂದೆ ಎಷ್ಟು ವರ್ಷದ ತಾಲೀಮಿದೆ, ಎಷ್ಟು ಪೆಟ್ಟಿಗೆಗಳ ಲೆಕ್ಕವಿದೆ, ಎಷ್ಟು ಜನರ ಕಾವಲಿದೆ ಎಂದು ಕೇಳಿಕೊಳ್ಳಬೇಕು. ಮೊಬೈಲಿನಲ್ಲಿ ಹಾಕುವುದಕ್ಕೆಂದು ಓಡುವ ರೈಲಿನ ಬಾಗಿಲಿಗೆ ಜೋತುಬೀಳುವ, ಬೈಕಿನ ಮುಂದಿನ ಗಾಲಿ ಎತ್ತುವ ಹುಡುಗರಿಗೆ ಇದನ್ನು ಯಾರಾದರೂ ಹೇಳಬೇಕು. ನಲವತ್ತು ವರ್ಷ ಕುದುರೆಯಿಂದ ಬೀಳುತ್ತಲೇ ಇದ್ದ ಮನುಷ್ಯ 79ನೇ ವಯಸ್ಸಿನಲ್ಲಿ ತನ್ನ ಅತ್ಯುತ್ತಮ ಪಾತ್ರದ ಮನ್ನಣೆ ಪಡೆಯಲು ಬದುಕಿ ಉಳಿದಿದ್ದರಲ್ಲ, ಅವರ ಸಾಹಸಗಳಲ್ಲೆಲ್ಲ ದೊಡ್ಡದು ಅದೇ.